ಐಪಿ ಅಡ್ರೆಸ್, ಸಬ್‌ನೆಟ್, ರೌಟಿಂಗ್: ಪೆನ್ನು ಪೇಪರ್ ಹಿಡಿದು ಕಲಿಯೋಣ

ದಾವಣಗೆರೆಯ ಒಂದು ಕೋಚಿಂಗ್ ಸೆಂಟರಿಗೆ ನೆಟ್‌ವರ್ಕ್ ಹಾಕಿಕೊಟ್ಟು ಊಟಕ್ಕೆ ಕೂತಿದ್ದೆ. ಅಲ್ಲಿನ ಹುಡುಗ ಬಂದು "ಸಾರ್, ಲ್ಯಾಬಿನ ಒಂದು ಸಿಸ್ಟಮ್‌ನಿಂದ ಪ್ರಿಂಟ್ ಹೋಗ್ತಿಲ್ಲ" ಅಂದ. ಹೋಗಿ ನೋಡಿದರೆ ವಿಚಿತ್ರ. ಗೂಗಲ್ ತೆರೆಯುತ್ತದೆ. ಬೆಂಗಳೂರಿನ ಹೆಡ್ ಆಫೀಸ್ ಸರ್ವರ್ ಸಿಗುತ್ತದೆ. ಪಕ್ಕದ ಕೋಣೆಯಲ್ಲಿ, ಕಿಟಕಿಯಿಂದ ಇಣುಕಿದರೆ ಕಾಣುವ ಪ್ರಿಂಟರ್ ಮಾತ್ರ ಸಿಗುವುದಿಲ್ಲ. ಕೇಬಲ್ ಬದಲಿಸಿದೆ, ಸ್ವಿಚ್ಚಿನ ಪೋರ್ಟ್ ಬದಲಿಸಿದೆ, ಡ್ರೈವರ್ ಕಿತ್ತು ಮತ್ತೆ ಹಾಕಿದೆ. ಒಂದೂವರೆ ಗಂಟೆ ಹೋಯಿತು, ಅನ್ನ ಸಾರು ತಣ್ಣಗಾಯಿತು. ಕೊನೆಗೆ ನೋಡಿದರೆ ತಪ್ಪು ನನ್ನದೇ. ಆ ಸಿಸ್ಟಮ್ಮಿಗೆ ಸಬ್‌ನೆಟ್ ಮಾಸ್ಕ್ ಹಾಕುವಾಗ ಕೊನೆಯಲ್ಲಿ 192 ಹೊಡೆಯುವ ಬದಲು ಕೈ ಅಭ್ಯಾಸಕ್ಕೆ 0 ಹೊಡೆದಿದ್ದೆ.

ಒಂದೇ ಸಂಖ್ಯೆ ತಪ್ಪಿದರೆ ದೂರದ್ದು ಸಿಕ್ಕಿ ಹತ್ತಿರದ್ದು ಸಿಗದೇ ಹೋಗುವುದು ಯಾಕೆ? ಇದಕ್ಕೆ ನೀವೇ ಉತ್ತರ ಹೇಳುವ ಹಾಗಾದರೆ ಈ ವಿಷಯ ಮುಕ್ಕಾಲು ಪಾಲು ಬಂದ ಹಾಗೆ. ಅಲ್ಲಿಗೆ ಹೋಗೋಣ. ಸಬ್‌ನೆಟ್ ಕ್ಯಾಲ್ಕುಲೇಟರ್ ಸದ್ಯಕ್ಕೆ ಬೇಡ, ಒಂದು ಪೆನ್ನು ಮತ್ತು ಹಳೇ ನೋಟ್‌ಬುಕ್ ಸಾಕು.

ಮೊದಲು ನಿಮ್ಮದೇ ಅಡ್ರೆಸ್ ನೋಡಿ

ವಿಂಡೋಸ್ ಆದರೆ ಕಮಾಂಡ್ ಪ್ರಾಂಪ್ಟ್ ತೆರೆದು ಐಪಿಕಾನ್ಫಿಗ್ ಅಂತ ಟೈಪ್ ಮಾಡಿ. ಲಿನಕ್ಸ್ ಆದರೆ ಐಪಿ ಅಡ್ರ್. (ಟೈಪ್ ಮಾಡುವುದು ಇಂಗ್ಲಿಷ್ ಅಕ್ಷರದಲ್ಲೇ, ಇಲ್ಲಿ ಓದಲಿಕ್ಕೆ ಅಂತ ಕನ್ನಡದಲ್ಲಿ ಬರೆದಿದ್ದೇನೆ.) ವಿಂಡೋಸಿನಲ್ಲಿ ಮೂರು ಸಾಲು ಕಣ್ಣಿಗೆ ಬೀಳುತ್ತವೆ, ಹೆಚ್ಚುಕಮ್ಮಿ ಹೀಗೆ:

ಐಪಿ ಅಡ್ರೆಸ್: 192.168.1.7
ಸಬ್‌ನೆಟ್ ಮಾಸ್ಕ್: 255.255.255.0
ಡಿಫಾಲ್ಟ್ ಗೇಟ್‌ವೇ: 192.168.1.1

ಲಿನಕ್ಸಿನಲ್ಲಿ ಮಾಸ್ಕ್ ಬದಲು ಅಡ್ರೆಸ್ಸಿನ ಪಕ್ಕದಲ್ಲೇ /24 ಅಂತ ಇರುತ್ತದೆ, ಎರಡೂ ಒಂದೇ. ಗೇಟ್‌ವೇ ನೋಡಲು ಐಪಿ ರೂಟ್ ಅಂತ ಕೊಡಬೇಕು. ಈ ಮೂರನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಿ. ಒಂದು ಕಂಪ್ಯೂಟರ್ ಹೊರಗಿನ ಲೋಕದ ಜೊತೆ ಮಾತಾಡಲು ಬೇಕಾಗಿರುವುದು ಇಷ್ಟೇ: ನಾನು ಯಾರು, ನನ್ನ ಬೀದಿ (ಅಂದರೆ ಸಬ್‌ನೆಟ್) ಎಲ್ಲಿಯ ತನಕ, ಬೀದಿ ದಾಟಬೇಕಾದರೆ ಯಾರನ್ನು ಕೇಳಬೇಕು.

ನಿಮ್ಮದು 169.254 ಅಂತ ಶುರುವಾಗಿದ್ದರೆ ಇಲ್ಲೇ ನಿಲ್ಲಿ. ಅಡ್ರೆಸ್ ಹಂಚುವ ಡಿಎಚ್‌ಸಿಪಿ ಯಾರೂ ಸಿಗದೆ ಸಿಸ್ಟಮ್ ತಾನೇ ಒಂದು ಅಡ್ರೆಸ್ ಇಟ್ಟುಕೊಂಡಿದೆ ಅಂತ ಅರ್ಥ. ಕೇಬಲ್, ವೈ-ಫೈ, ರೌಟರ್ ಮೊದಲು ನೋಡಿ.

ಹಳೇ ಲ್ಯಾಂಡ್‌ಲೈನ್ ನೆನಪಿದೆಯಾ?

ಬೆಂಗಳೂರಿನ ಎಸ್‌ಟಿಡಿ ಕೋಡ್ 080. ಮೈಸೂರು 0821. ದಾವಣಗೆರೆ 08192. ಮೊದಲ ಸೊನ್ನೆ ಬಿಟ್ಟು ಎಣಿಸಿ. ಬೆಂಗಳೂರಿನ ಕೋಡ್ 2 ಅಂಕಿ, ಊರೊಳಗಿನ ನಂಬರು 8 ಅಂಕಿ. ಮೈಸೂರು 3 ಮತ್ತು 7. ದಾವಣಗೆರೆ 4 ಮತ್ತು 6. ಎಲ್ಲಿ ಕೂಡಿಸಿದರೂ 10. ಕೋಡ್ ಚಿಕ್ಕದಾದರೆ ಒಳಗಿನ ನಂಬರಿಗೆ ಜಾಗ ಜಾಸ್ತಿ, ಕೋಡ್ ಉದ್ದವಾದರೆ ಜಾಗ ಕಮ್ಮಿ. ದೊಡ್ಡ ಊರಿಗೆ ಚಿಕ್ಕ ಕೋಡ್ ಕೊಟ್ಟಿದ್ದು ಅದಕ್ಕೇ.

ಐಪಿ ಅಡ್ರೆಸ್ ಕೂಡ ಹಾಗೆಯೇ. 10 ಅಂಕಿಯ ಬದಲು 32 ಬಿಟ್. ಬಿಟ್ ಅಂದರೆ 0 ಅಥವಾ 1. ಎಡಗಡೆಯ ಒಂದಷ್ಟು ಬಿಟ್ ಊರಿನ ಕೋಡ್, ಅದು ನೆಟ್‌ವರ್ಕ್. ಉಳಿದದ್ದು ಊರೊಳಗಿನ ನಂಬರು, ಅದು ಹೋಸ್ಟ್. /24 ಅಂದರೆ ಮೊದಲ 24 ಬಿಟ್ ಕೋಡ್, ಉಳಿದ 8 ಬಿಟ್ ನಂಬರಿಗೆ. /26 ಅಂದರೆ 26 ಮತ್ತು 6.

ಇನ್ನೊಂದು ಹೋಲಿಕೆಯೂ ಇಲ್ಲಿದೆ. ಊರೊಳಗೆ ಫೋನ್ ಮಾಡುವಾಗ ಕೋಡ್ ಹಾಕುತ್ತಿರಲಿಲ್ಲ, ನೇರ ನಂಬರು. ಬೇರೆ ಊರಿಗಾದರೆ ಮೊದಲು 0 ಒತ್ತಬೇಕಿತ್ತು. ಆ 0 ನಿಮ್ಮ ಕರೆಯನ್ನು ಎಸ್‌ಟಿಡಿ ಲೈನಿಗೆ ಹತ್ತಿಸುತ್ತಿತ್ತು. ನಿಮ್ಮ ಕಂಪ್ಯೂಟರಿಗೆ ಗೇಟ್‌ವೇ ಅಂದರೆ ಆ 0.

ವ್ಯತ್ಯಾಸ ಒಂದೇ. ಫೋನ್ ಮಾಡುವಾಗ ಯಾವುದು ಊರೊಳಗಿನದು, ಯಾವುದು ಹೊರಗಿನದು ಅಂತ ನಮಗೆ ಗೊತ್ತಿರುತ್ತಿತ್ತು. ಕಂಪ್ಯೂಟರಿಗೆ ಊರು ಕೇರಿ ಏನೂ ಗೊತ್ತಿಲ್ಲ. ಬರೀ ಅಡ್ರೆಸ್ ನೋಡಿ ಕೋಡ್ ಎಲ್ಲಿ ಮುಗಿಯಿತು ಅಂತ ಹೇಳಲಾಗದು. ಗೆರೆ ಎಲ್ಲಿದೆ ಅಂತ ಹೇಳುವುದೇ ಮಾಸ್ಕ್.

ಎಂಟು ಸಂಖ್ಯೆ ಬಾಯಿಪಾಠ ಮಾಡಿ

32 ಬಿಟ್ಟನ್ನು ಹಾಗೇ ಬರೆದರೆ ಓದಲಿಕ್ಕಾಗುವುದಿಲ್ಲ. ಅದಕ್ಕೇ ಎಂಟೆಂಟರ ನಾಲ್ಕು ಗುಂಪು ಮಾಡಿ, ಒಂದೊಂದನ್ನೂ ಮಾಮೂಲಿ ಸಂಖ್ಯೆಯಾಗಿ ಬರೆದು, ನಡುವೆ ಚುಕ್ಕಿ ಇಡುತ್ತೇವೆ. ಒಂದು ಗುಂಪಿನ ಎಂಟು ಜಾಗದ ಬೆಲೆ ಹೀಗೆ:

128, 64, 32, 16, 8, 4, 2, 1

ಎಲ್ಲ ಕೂಡಿಸಿದರೆ 255. ಅದಕ್ಕೇ ಐಪಿ ಅಡ್ರೆಸ್ಸಿನಲ್ಲಿ 256 ಅಥವಾ 300 ಅಂತ ಕಂಡರೆ ಅದು ಸುಳ್ಳು.

140 ಅನ್ನು ಬಿಟ್ ಮಾಡೋಣ. ಎಡದಿಂದ ಬನ್ನಿ. 128 ಹಿಡಿಸುತ್ತದೆ, 1 ಬರೆಯಿರಿ, ಉಳಿದದ್ದು 12. ಅದರಲ್ಲಿ 64 ಇಲ್ಲ, 0. 32 ಇಲ್ಲ, 16 ಇಲ್ಲ, 0, 0. 8 ಹಿಡಿಸುತ್ತದೆ, 1, ಉಳಿದದ್ದು 4. 4 ಹಿಡಿಸುತ್ತದೆ, 1. ಉಳಿದದ್ದು ಏನೂ ಇಲ್ಲ, 0, 0. ಸೇರಿಸಿದರೆ 10001100. ಅಂಗಡಿಯಲ್ಲಿ ತೂಕದ ಬಟ್ಟು ಇಟ್ಟು ತೂಗಿದ ಹಾಗೆ, ದೊಡ್ಡ ಬಟ್ಟಿನಿಂದ ಶುರು. ಇನ್ನೊಂದು, 200: 128 ಹೋದರೆ 72, ಅದರಲ್ಲಿ 64 ಹೋದರೆ 8, ಅದೂ ಸರಿ ಹೋಯಿತು. 11001000.

ಇದನ್ನು ದಿನಕ್ಕೆ ಹತ್ತು ಸಂಖ್ಯೆಯಂತೆ ಒಂದು ವಾರ ಮಾಡಿ. ಬಸ್ಸಿನಲ್ಲಿ ಕೂತಾಗ ಮುಂದಿನ ಗಾಡಿಯ ನಂಬರ್ ಪ್ಲೇಟಿನಿಂದ ಸಂಖ್ಯೆ ತೆಗೆದು ಮಾಡಿ. ನಾನು ಹಾಗೇ ಕಲಿತದ್ದು.

ಮಾಸ್ಕ್ ಮಾಡುವ ಕೆಲಸ

ಮಾಸ್ಕ್ ಕೂಡ 32 ಬಿಟ್. ಕೋಡ್ ಇರುವ ಜಾಗದಲ್ಲೆಲ್ಲ 1, ನಂಬರ್ ಇರುವ ಜಾಗದಲ್ಲೆಲ್ಲ 0. 1ಗಳು ಯಾವಾಗಲೂ ಎಡಗಡೆ ಒಟ್ಟಿಗೆ ಇರುತ್ತವೆ, ನಡುವೆ 0 ಬರುವ ಹಾಗಿಲ್ಲ. ಹಾಗಾಗಿ ಮಾಸ್ಕಿನಲ್ಲಿ ಬರಬಹುದಾದ ಸಂಖ್ಯೆಗಳು ಬರೀ ಒಂಬತ್ತು: 0, 128, 192, 224, 240, 248, 252, 254, 255. ಯಾರಾದರೂ 255.255.255.200 ಅಂತ ಹೇಳಿದರೆ ಅವರಿಗೆ ಟೀ ಕೊಡಿಸಿ, ನಿಧಾನಕ್ಕೆ ತಿದ್ದಿ.

ಈಗ ನನ್ನ ಲ್ಯಾಬಿನ ಸಿಸ್ಟಮ್ಮಿಗೆ ಬರೋಣ. ಅದರ ಅಡ್ರೆಸ್ 10.20.5.140. ಪ್ರಿಂಟರ್ 10.20.5.200. ಸರಿಯಾದ ಮಾಸ್ಕ್ 255.255.255.192, ಅಂದರೆ /26. ಪ್ರಿಂಟ್ ಕೊಟ್ಟ ಕ್ಷಣ ಸಿಸ್ಟಮ್ ತನ್ನನ್ನೇ ಒಂದು ಪ್ರಶ್ನೆ ಕೇಳಿಕೊಳ್ಳುತ್ತದೆ: ಈ 200 ನನ್ನ ಬೀದಿಯವನಾ, ಹೊರಗಿನವನಾ? ಉತ್ತರಕ್ಕೆ ತನ್ನ ಮಾಸ್ಕನ್ನು ಎರಡೂ ಅಡ್ರೆಸ್ಸಿನ ಮೇಲೆ ಇಟ್ಟು ನೋಡುತ್ತದೆ. ಮಾಸ್ಕಿನಲ್ಲಿ 1 ಇದ್ದ ಕಡೆ ಬಿಟ್ ಹಾಗೇ ಉಳಿಯುತ್ತದೆ, 0 ಇದ್ದ ಕಡೆ ಅಳಿಸಿಹೋಗುತ್ತದೆ. ಮೊದಲ ಮೂರು ಗುಂಪು ಎರಡರಲ್ಲೂ ಒಂದೇ, ಕೊನೆಯದು ಮಾತ್ರ ನೋಡೋಣ.

ನಾನು: 10001100, ಮಾಸ್ಕ್ 11000000, ಉಳಿದದ್ದು 10000000, ಅಂದರೆ 128.
ಪ್ರಿಂಟರ್: 11001000, ಮಾಸ್ಕ್ 11000000, ಉಳಿದದ್ದು 11000000, ಅಂದರೆ 192.

128 ಬೇರೆ, 192 ಬೇರೆ. ಹಾಗಾದರೆ ಹೊರಗಿನವನು. ಪ್ಯಾಕೆಟ್ಟನ್ನು (ಕಳಿಸಬೇಕಾದ ಮಾಹಿತಿಯ ತುಂಡು) ಗೇಟ್‌ವೇ ಕೈಗೆ ಕೊಡು, ಅವನು ತಲುಪಿಸುತ್ತಾನೆ.

ನಾನು ತಪ್ಪಾಗಿ ಹಾಕಿದ್ದು 255.255.255.0. ಆಗ ಕೊನೆಯ ಗುಂಪು ಪೂರ್ತಿ ಅಳಿಸಿಹೋಗುತ್ತದೆ. ಎರಡೂ 10.20.5.0. ಸಿಸ್ಟಮ್ಮಿಗೆ ಅನಿಸಿದ್ದು: ಓಹೋ, ಇವನು ನಮ್ಮ ಬೀದಿಯವನೇ! ಗೇಟ್‌ವೇ ಯಾಕೆ, ನೇರ ಕೂಗುತ್ತೇನೆ. ಹಾಗೆ ಕೂಗುವುದಕ್ಕೆ ಎಆರ್‌ಪಿ ಅಂತ ಹೆಸರು. "10.20.5.200 ಯಾರಪ್ಪ, ನಿನ್ನ ಮ್ಯಾಕ್ ಅಡ್ರೆಸ್ ಹೇಳು" ಅಂತ ತನ್ನ ಬೀದಿಯಲ್ಲಿ ಎಲ್ಲರಿಗೂ ಕೇಳುವಂತೆ ಕೂಗುವುದು. ಮ್ಯಾಕ್ ಅಂದರೆ ಸಾಧನದ ನೆಟ್‌ವರ್ಕ್ ಕಾರ್ಡಿನ ಗುರುತಿನ ನಂಬರು. ಪ್ರಿಂಟರ್ ಇರುವುದು ಬೇರೆ ಬೀದಿಯಲ್ಲಿ. ಕೂಗು ಅಲ್ಲಿಗೆ ಹೋಗುವುದೇ ಇಲ್ಲ. ಉತ್ತರ ಬರಲಿಲ್ಲ, ಪ್ರಿಂಟ್ ಹೋಗಲಿಲ್ಲ.

ಗೂಗಲ್ ಮತ್ತು ಬೆಂಗಳೂರಿನ ಸರ್ವರ್ ಯಾಕೆ ಸಿಕ್ಕವು? ಅವು ತಪ್ಪು ಮಾಸ್ಕಿನಲ್ಲಿ ನೋಡಿದರೂ ಹೊರಗಿನವೇ. ಹಾಗಾಗಿ ಗೇಟ್‌ವೇಗೆ ಹೋದವು, ಸರಿಯಾಗಿಯೇ ತಲುಪಿದವು.

ಆವತ್ತು ನಾನು ಪ್ರಿಂಟರಿಗೆ ಪಿಂಗ್ ("ಇದ್ದೀಯಾ?" ಅಂತ ಕೇಳುವ ಕಮಾಂಡ್) ಕೊಟ್ಟಾಗ ಉತ್ತರ ಸ್ಪಷ್ಟವಾಗಿಯೇ ಬಂದಿತ್ತು: "ರಿಪ್ಲೈ ಫ್ರಮ್ 10.20.5.140: ಡೆಸ್ಟಿನೇಶನ್ ಹೋಸ್ಟ್ ಅನ್‌ರೀಚಬಲ್". ಯಾರಿಂದ ರಿಪ್ಲೈ? ನನ್ನದೇ ಅಡ್ರೆಸ್ಸಿನಿಂದ! ವಿಂಡೋಸ್ "ನಾನೇ ಕೂಗಿ ಕೂಗಿ ಸುಸ್ತಾದೆ, ಯಾರೂ ಇಲ್ಲ" ಅಂತ ಹೇಳುತ್ತಿತ್ತು. ಗೇಟ್‌ವೇಗೆ ಹೋಗಬೇಕಾದ ಪ್ಯಾಕೆಟ್ಟಿಗೆ ಸ್ವಂತ ಅಡ್ರೆಸ್ಸಿನಿಂದ ಈ ಉತ್ತರ ಬಂದರೆ ಮೊದಲು ಮಾಸ್ಕ್ ನೋಡಿ. ನಾನು ಆ ಸಾಲನ್ನು ಪೂರ್ತಿ ಓದದೆ ಕೇಬಲ್ ಕಿತ್ತೆ.

ಕೈಲೆಕ್ಕದ ದಾರಿ

ಪ್ರತಿ ಸಲ ಬಿಟ್ ಬರೆಯಬೇಕಾಗಿಲ್ಲ. ಒಂದು ಸಲ ಅರ್ಥವಾದ ಮೇಲೆ ಸುಲಭ ದಾರಿ ಇದೆ. ಮಾಸ್ಕಿನಲ್ಲಿ 255 ಅಲ್ಲದ, 0 ಅಲ್ಲದ ಸಂಖ್ಯೆಯನ್ನು 256ರಿಂದ ಕಳೆಯಿರಿ. ಸಿಗುವುದು ಬ್ಲಾಕ್ ಗಾತ್ರ. ಮಾಸ್ಕ್ 192 ಆದರೆ 256 - 192 = 64. ಹಾಗಾಗಿ ಬೀದಿಗಳು 0, 64, 128, 192ರಲ್ಲಿ ಶುರು. 140 ಎಲ್ಲಿ ಬೀಳುತ್ತದೆ? 128 ಮತ್ತು 192ರ ನಡುವೆ. ನೆಟ್‌ವರ್ಕ್ ಅಡ್ರೆಸ್ 10.20.5.128. ಮುಂದಿನ ಬೀದಿ 192ಕ್ಕೆ ಶುರು, ಅದರ ಹಿಂದಿನದು 191, ಅದು ಬ್ರಾಡ್‌ಕಾಸ್ಟ್, ಅಂದರೆ ಬೀದಿಯವರಿಗೆಲ್ಲ ಒಟ್ಟಿಗೆ ಹೇಳುವ ಅಡ್ರೆಸ್. ಮೊದಲನೆಯದನ್ನೂ ಕೊನೆಯದನ್ನೂ ಯಾರಿಗೂ ಕೊಡುವ ಹಾಗಿಲ್ಲ. ಉಳಿದದ್ದು 129ರಿಂದ 190ರ ತನಕ, 62 ಅಡ್ರೆಸ್.

ಬ್ಲಾಕ್ ಗಾತ್ರಗಳು ಬಾಯಿಗೆ ಬರಲಿ: /25ಕ್ಕೆ 128, /26ಕ್ಕೆ 64, /27ಕ್ಕೆ 32, /28ಕ್ಕೆ 16, /29ಕ್ಕೆ 8, /30ಕ್ಕೆ 4. ಎಲ್ಲದರಲ್ಲೂ ಎರಡು ಕಳೆದರೆ ಬಳಸಲು ಸಿಗುವುದು. /31 ಮಾತ್ರ ಬೇರೆ ಜಾತಿ. ಎರಡು ರೌಟರ್ ನಡುವಿನ ನೇರ ಲಿಂಕಿಗೆ ಎರಡಕ್ಕೆ ಎರಡೂ ಅಡ್ರೆಸ್ ಬಳಸಬಹುದು.

ಗೆರೆ ಮೂರನೇ ಗುಂಪಿಗೆ ಬಿದ್ದಾಗ ಎಲ್ಲರೂ ಎಡವುತ್ತಾರೆ. ಉದಾಹರಣೆಗೆ 172.16.45.130/20. ಮೊದಲ ಎರಡು ಗುಂಪಿಗೆ 16 ಬಿಟ್ ಹೋಯಿತು, ಮೂರನೆಯದರಲ್ಲಿ 4 ಬಿಟ್, ಅಂದರೆ 128+64+32+16 = 240. ಮಾಸ್ಕ್ 255.255.240.0. ಬ್ಲಾಕ್ 16, ಆದರೆ ಎಣಿಸಬೇಕಾದ್ದು ಮೂರನೇ ಗುಂಪಿನಲ್ಲಿ: 0, 16, 32, 48. 45 ಬೀಳುವುದು 32ರ ಬೀದಿಯಲ್ಲಿ. ನೆಟ್‌ವರ್ಕ್ 172.16.32.0, ಬ್ರಾಡ್‌ಕಾಸ್ಟ್ 172.16.47.255. ಆ 130 ನೋಡಿ ಗಾಬರಿಯಾಗಬೇಡಿ, ಅದಕ್ಕೆ ಈ ಲೆಕ್ಕದಲ್ಲಿ ಕೆಲಸವೇ ಇಲ್ಲ. ಒಟ್ಟು 12 ಬಿಟ್ ಉಳಿಯಿತು, 4096, ಎರಡು ಕಳೆದರೆ 4094.

ಹಳೇ ಪುಸ್ತಕಗಳಲ್ಲಿ ಕ್ಲಾಸ್ ಎ, ಬಿ, ಸಿ ಅಂತ ಬರುತ್ತದೆ. ಗೆರೆ 8, 16, 24ರಲ್ಲಿ ಮಾತ್ರ ಇದ್ದ ಕಾಲದ್ದು. 1993ರಲ್ಲಿ ಸಿಐಡಿಆರ್ ಬಂದ ಮೇಲೆ ಗೆರೆ ಎಲ್ಲಿ ಬೇಕಾದರೂ ಎಳೆಯಬಹುದು. ಪರೀಕ್ಷೆಗೆ ಬೇಕಾದರೆ ಓದಿಕೊಳ್ಳಿ, ಕೆಲಸದಲ್ಲಿ ಮರೆತುಬಿಡಿ.

ಒಂದು /24 ಅನ್ನು ಹಂಚುವುದು

ಆ ಕೋಚಿಂಗ್ ಸೆಂಟರಿನ ಹೆಡ್ ಆಫೀಸಿನವರು ದಾವಣಗೆರೆಗೆ ಕೊಟ್ಟದ್ದು ಒಂದೇ ಒಂದು ಬ್ಲಾಕ್: 10.20.5.0/24. 256 ಅಡ್ರೆಸ್. ಇದರಲ್ಲೇ ನಾಲ್ಕು ಭಾಗ ಮಾಡಬೇಕಿತ್ತು. ವಿದ್ಯಾರ್ಥಿಗಳ ವೈ-ಫೈ, ನೂರರ ಆಸುಪಾಸು ಫೋನು. ಲ್ಯಾಬಿನಲ್ಲಿ 50 ಸಿಸ್ಟಮ್. ಆಫೀಸಿನಲ್ಲಿ ಪ್ರಿಂಟರ್ ಎಲ್ಲ ಸೇರಿ 20. ಸಿಸಿಟಿವಿಗೆ 12 ಕ್ಯಾಮೆರಾ ಮತ್ತು ಒಂದು ರೆಕಾರ್ಡರ್.

ನಿಯಮ ಒಂದೇ, ದೊಡ್ಡದನ್ನು ಮೊದಲು ಕತ್ತರಿಸಿ. ಚಿಕ್ಕದರಿಂದ ಶುರು ಮಾಡಿದರೆ ದೊಡ್ಡದಕ್ಕೆ ಸರಿಯಾದ ಜಾಗದಲ್ಲಿ ಬ್ಲಾಕ್ ಸಿಗದೆ ನಡುವೆ ತೂತು ಉಳಿಯುತ್ತದೆ. ಬ್ಲಾಕ್ 64 ಇದ್ದರೆ ಅದು 64ರ ಮಗ್ಗಿಯಲ್ಲೇ ಶುರುವಾಗಬೇಕು, 40ರಿಂದ ಶುರು ಮಾಡಲಾಗದು.

ವೈ-ಫೈಗೆ 10.20.5.0/25, 0ರಿಂದ 127.
ಲ್ಯಾಬಿಗೆ 10.20.5.128/26, 128ರಿಂದ 191.
ಆಫೀಸಿಗೆ 10.20.5.192/27, 192ರಿಂದ 223.
ಕ್ಯಾಮೆರಾಕ್ಕೆ 10.20.5.224/27, 224ರಿಂದ 255.

ಕ್ಯಾಮೆರಾಕ್ಕೆ /28 ಸಾಕಲ್ವಾ ಅಂತ ಕೇಳಬಹುದು. ಲೆಕ್ಕ ಹಾಕಿ: /28ರಲ್ಲಿ 14. ಕ್ಯಾಮೆರಾ 12, ರೆಕಾರ್ಡರ್ 1, ಗೇಟ್‌ವೇ 1. ಸರಿಯಾಗಿ 14. ಗೇಟ್‌ವೇಗೂ ಒಂದು ಅಡ್ರೆಸ್ ಬೇಕು ಅನ್ನುವುದನ್ನು ಹೊಸಬರು ಮರೆಯುತ್ತಾರೆ. ಸರಿ, ಹಿಡಿಸಿತು ಅಂತಲೇ ಇಟ್ಟುಕೊಳ್ಳಿ. ಮುಂದಿನ ತಿಂಗಳು ಬೈಕ್ ನಿಲ್ಲಿಸುವ ಜಾಗಕ್ಕೆ ಇನ್ನೊಂದು ಕ್ಯಾಮೆರಾ ಬೇಕು ಅಂದರೆ? ಅದಕ್ಕೇ /27.

ಪ್ರತಿ ಬೀದಿಯ ಮೊದಲ ಅಡ್ರೆಸ್ಸನ್ನು ಗೇಟ್‌ವೇಗೆ ಇಟ್ಟೆ: 1, 129, 193, 225. ಇದು ನಿಯಮವಲ್ಲ, ಅಭ್ಯಾಸ. ಆದರೆ ಎಲ್ಲ ಕಡೆ ಒಂದೇ ಅಭ್ಯಾಸ ಇಟ್ಟುಕೊಂಡರೆ ರಾತ್ರಿ 11ಕ್ಕೆ ಫೋನ್ ಬಂದಾಗ ಯೋಚನೆ ಮಾಡಬೇಕಾಗಿಲ್ಲ.

ನನ್ನನ್ನು ಕೇಳಿದರೆ, ನಿಮ್ಮ ಸ್ವಂತ ಆಫೀಸಿಗೆ ಇಷ್ಟು ಕಂಜೂಸಿ ಬೇಡ. ಒಳಗಿನ ಬಳಕೆಗೆ ಅಂತಲೇ ಮೂರು ರಾಶಿ ಬಿಟ್ಟಿದ್ದಾರೆ: 10.0.0.0/8, 172.16.0.0/12 (172.16ರಿಂದ 172.31ರ ತನಕ), ಮತ್ತು 192.168.0.0/16. ಇದಕ್ಕೆ ಯಾರಿಗೂ ದುಡ್ಡು ಕೊಡಬೇಕಾಗಿಲ್ಲ. ಒಂದೊಂದು ಭಾಗಕ್ಕೆ ಒಂದೊಂದು /24 ಕೊಡಿ. 192.168.0 ಮತ್ತು 192.168.1 ಎರಡನ್ನು ಮಾತ್ರ ಬಿಡಿ. ಮನೆಮನೆಯ ವೈ-ಫೈ ಬಾಕ್ಸಿನಲ್ಲೂ ಅದೇ ಇರುತ್ತದೆ, ನಾಳೆ ಯಾರಾದರೂ ಮನೆಯಿಂದ ವಿಪಿಎನ್ (ಇಂಟರ್ನೆಟ್ ಮೂಲಕ ಆಫೀಸ್ ನೆಟ್‌ವರ್ಕಿಗೆ ಖಾಸಗಿ ದಾರಿ) ಹಾಕಿದರೆ ಎರಡೂ ಕಡೆ ಒಂದೇ ಅಡ್ರೆಸ್ ಆಗಿ ಒದ್ದಾಡುತ್ತಾರೆ.

ಇನ್ನೊಂದು ಮಾತು. ಒಂದೇ ಮಾಮೂಲಿ ಸ್ವಿಚ್ಚಿಗೆ ಎಲ್ಲ ಕೇಬಲ್ ಚುಚ್ಚಿ ಅಡ್ರೆಸ್ ಮಾತ್ರ ಬೇರೆ ಬೇರೆ ಕೊಟ್ಟರೆ ಅದು ಗೋಡೆಯಲ್ಲ, ನೆಲದ ಮೇಲೆ ಎಳೆದ ಸೀಮೆಸುಣ್ಣದ ಗೆರೆ. ನಿಜವಾಗಿ ಬೇರೆ ಮಾಡಬೇಕಾದರೆ ವಿಲ್ಯಾನ್ (ಒಂದೇ ಸ್ವಿಚ್ಚನ್ನು ಒಳಗೇ ಹಲವು ಸ್ವಿಚ್ಚಿನಂತೆ ಭಾಗ ಮಾಡುವುದು) ಬೇಕು, ಅಥವಾ ಬೇರೆ ಸ್ವಿಚ್. ಅಷ್ಟಾದರೂ ವೈ-ಫೈಯಿಂದ ಕ್ಯಾಮೆರಾಕ್ಕೆ ಹೋಗದಂತೆ ತಡೆಯಲು ರೌಟರಿನಲ್ಲಿ ಫೈರ್‌ವಾಲ್ ನಿಯಮ ಹಾಕಲೇಬೇಕು, ಯಾಕೆಂದರೆ ಎರಡು ಬೀದಿ ಸೇರಿಸುವುದೇ ರೌಟರಿನ ಕಸುಬು.

ರೌಟಿಂಗ್: "ಅಲ್ಲಿ ಕೇಳಿ"

ತೀರ್ಥಹಳ್ಳಿಯ ಟೀ ಅಂಗಡಿಯಲ್ಲಿ ಶೃಂಗೇರಿಗೆ ದಾರಿ ಕೇಳಿ. ಪೂರ್ತಿ ದಾರಿ ಯಾರೂ ಹೇಳುವುದಿಲ್ಲ. "ಕೊಪ್ಪ ರೋಡ್ ಹಿಡಿದು ಹೋಗಿ, ಅಲ್ಲಿ ಕೇಳಿ" ಅನ್ನುತ್ತಾರೆ. ರೌಟರ್ ಮಾಡುವುದು ಇದನ್ನೇ. ಪೂರ್ತಿ ದಾರಿ ಯಾವ ರೌಟರಿಗೂ ಬೇಕಾಗಿಲ್ಲ. ಮುಂದಿನ ಒಬ್ಬ ಯಾರು ಅಂತ ಗೊತ್ತಿದ್ದರೆ ಸಾಕು.

ಅದು ಇಟ್ಟುಕೊಳ್ಳುವ ಪಟ್ಟಿಗೆ ರೌಟಿಂಗ್ ಟೇಬಲ್ ಅಂತ ಹೆಸರು. ದಾವಣಗೆರೆಯ ರೌಟರಿನಲ್ಲಿ ಇದ್ದದ್ದು ಆರೇ ಸಾಲು:

10.20.5.0/25: ನೇರ, ವೈ-ಫೈ ಕಡೆ
10.20.5.128/26: ನೇರ, ಲ್ಯಾಬ್ ಕಡೆ
10.20.5.192/27: ನೇರ, ಆಫೀಸ್ ಕಡೆ
10.20.5.224/27: ನೇರ, ಕ್ಯಾಮೆರಾ ಕಡೆ
10.20.0.0/16: ಬೆಂಗಳೂರಿಗೆ ಹೋಗುವ ವಿಪಿಎನ್ ಟನಲ್
0.0.0.0/0: ಇಂಟರ್ನೆಟ್ ಕೊಡುವವರ ರೌಟರ್

ಮೊದಲ ನಾಲ್ಕನ್ನು ಯಾರೂ ಬರೆಯಬೇಕಾಗಿಲ್ಲ. ರೌಟರಿನ ಪೋರ್ಟಿಗೆ ಅಡ್ರೆಸ್ ಕೊಟ್ಟು ಲಿಂಕ್ ಎದ್ದ ತಕ್ಷಣ ತಾವೇ ಬರುತ್ತವೆ. ಕೊನೆಯದು ಡಿಫಾಲ್ಟ್ ರೂಟ್, ಬೇರೆಲ್ಲೂ ಹೊಂದದ್ದು ಇಲ್ಲಿಗೆ.

ಈಗ 10.20.5.200ಕ್ಕೆ ಒಂದು ಪ್ಯಾಕೆಟ್ ಬಂತು. ಅದು /27ರ ಸಾಲಿಗೂ ಹೊಂದುತ್ತದೆ, /16ಕ್ಕೂ ಹೊಂದುತ್ತದೆ, /0ಗೂ ಹೊಂದುತ್ತದೆ. ಯಾವುದು ಗೆಲ್ಲಬೇಕು? ಸ್ಲ್ಯಾಶ್ ಸಂಖ್ಯೆ ದೊಡ್ಡದಿರುವುದು, ಅಂದರೆ ಹೆಚ್ಚು ಕರಾರುವಾಕ್ಕಾಗಿ ಹೇಳುವ ಸಾಲು. ಪಟ್ಟಿಯಲ್ಲಿ ಮೇಲಿದೆಯೋ ಕೆಳಗಿದೆಯೋ ಲೆಕ್ಕಕ್ಕಿಲ್ಲ. /27 ಗೆದ್ದಿತು, ಪ್ಯಾಕೆಟ್ ಆಫೀಸಿಗೆ ಹೋಯಿತು.

ಈ ಒಂದು ನಿಯಮದಿಂದ ಜಗತ್ತಿನ ಬಹುಪಾಲಿಗೆ ಯೂಟ್ಯೂಬ್ ನಿಂತುಹೋದ ಘಟನೆ ಇದೆ. 2008ರ ಫೆಬ್ರವರಿ 24. ಯೂಟ್ಯೂಬ್ ತನ್ನ ಅಡ್ರೆಸ್ಸನ್ನು 208.65.152.0/22 ಅಂತ ಲೋಕಕ್ಕೆ ಸಾರುತ್ತಿತ್ತು. ಸರ್ಕಾರದ ಆದೇಶದಂತೆ ಯೂಟ್ಯೂಬನ್ನು ತನ್ನ ದೇಶದೊಳಗೆ ತಡೆಯಲು ಪಾಕಿಸ್ತಾನ್ ಟೆಲಿಕಾಂ 208.65.153.0/24 ತನ್ನಲ್ಲಿದೆ ಅಂತ ಒಂದು ರೂಟ್ ಹಾಕಿತು. ದೇಶದೊಳಗೆ ಇರಬೇಕಾದ ಆ ಸಾಲು ಹೊರಗೆ ಸೋರಿತು. /22ಗಿಂತ /24 ಕರಾರುವಾಕ್ಕು. ಎಲ್ಲೆಲ್ಲಿಯದೋ ರೌಟರುಗಳು ಯೂಟ್ಯೂಬಿಗೆ ಹೋಗಬೇಕಾದದ್ದನ್ನು ಪಾಕಿಸ್ತಾನಕ್ಕೆ ಕಳಿಸಿದವು. ಸರಿಹೋಗಲು ಎರಡು ಗಂಟೆಯ ಹತ್ತಿರ ಹಿಡಿಯಿತು. ಯೂಟ್ಯೂಬಿನವರು ತಿರುಗೇಟಿಗೆ ಮಾಡಿದ್ದೇನು ಗೊತ್ತಾ? ತಾವೂ /24 ಸಾರಿದರು, ಸಾಲದೆ ಅದನ್ನೇ ಎರಡು /25 ಮಾಡಿ ಸಾರಿದರು. ಅದೇ ನಿಯಮ, ಈಗ ಅವರ ಪರವಾಗಿ.

ಬೆಂಗಳೂರಿನ ರೌಟರಿನಲ್ಲಿ ನಮ್ಮ ಬಗ್ಗೆ ಇದ್ದದ್ದು ಒಂದೇ ಸಾಲು: 10.20.5.0/24 ದಾವಣಗೆರೆ ಟನಲ್ ಕಡೆ. ಒಳಗೆ ನಾನು ನಾಲ್ಕು ಮಾಡಿದರೂ ಎಂಟು ಮಾಡಿದರೂ ಅವರಿಗೆ ಸಂಬಂಧವಿಲ್ಲ. ಒಂದೊಂದು ಊರಿಗೆ ಒಂದೊಂದು ಜೋಡಿಸಿದ ಬ್ಲಾಕ್ ಕೊಡುವುದರ ಲಾಭ ಇದು. ಸಿಕ್ಕಸಿಕ್ಕ ಕಡೆಯಿಂದ ಅಡ್ರೆಸ್ ಕೊಟ್ಟಿದ್ದರೆ ಅವರ ಪಟ್ಟಿ ಉದ್ದವಾಗುತ್ತಿತ್ತು.

ಆ ಒಂದು ಸಾಲು ಅವರಲ್ಲಿ ಇಲ್ಲದಿದ್ದರೆ? ನಮ್ಮ ಪ್ಯಾಕೆಟ್ ಬೆಂಗಳೂರು ತಲುಪುತ್ತದೆ, ಸರ್ವರ್ ಉತ್ತರವನ್ನೂ ಬರೆಯುತ್ತದೆ, ಆ ಉತ್ತರಕ್ಕೆ ವಾಪಸ್ ಬರಲು ದಾರಿ ಇರುವುದಿಲ್ಲ. ಹೊಸಬರು ಅತಿ ಹೆಚ್ಚು ಮಾಡುವ ತಪ್ಪು ಇದೇ. ಹೋಗುವ ರೂಟ್ ಬರೆದು ಬರುವ ರೂಟ್ ಮರೆಯುವುದು.

ಇದನ್ನು ಕೈಯಾರೆ ಮಾಡಿ ನೋಡಿ

ಸಿಸ್ಕೋದ ಪ್ಯಾಕೆಟ್ ಟ್ರೇಸರ್ (ಕಂಪ್ಯೂಟರಿನಲ್ಲೇ ನೆಟ್‌ವರ್ಕ್ ಕಟ್ಟಿ ನೋಡುವ ಸಾಫ್ಟ್‌ವೇರ್) ಹಾಕಿಕೊಳ್ಳಿ, ಅವರ ನೆಟ್‌ವರ್ಕಿಂಗ್ ಅಕಾಡೆಮಿಯಲ್ಲಿ ಹೆಸರು ನೋಂದಾಯಿಸಿದರೆ ಪುಕ್ಕಟೆ. ಎರಡು ರೌಟರ್ ಎಳೆದು ಹಾಕಿ, ಒಂದೊಂದಕ್ಕೆ ಒಂದು ಸ್ವಿಚ್, ಒಂದು ಪಿಸಿ. ಎಡಗಡೆ 192.168.1.0/24, ರೌಟರ್ 192.168.1.1, ಪಿಸಿ 192.168.1.10. ಬಲಗಡೆ 192.168.2.0/24, ಅದೇ ರೀತಿ 2.1 ಮತ್ತು 2.10. ನಡುವಿನ ಲಿಂಕಿಗೆ 10.0.0.0/30, ಎಡಕ್ಕೆ 10.0.0.1, ಬಲಕ್ಕೆ 10.0.0.2. ಪಿಸಿಗಳಿಗೆ ಗೇಟ್‌ವೇ ಹಾಕಲು ಮರೆಯಬೇಡಿ. ಸಿಸ್ಕೋ ರೌಟರಿನ ಪೋರ್ಟುಗಳು ಮೊದಲಿಗೆ ಮುಚ್ಚಿರುತ್ತವೆ, ಒಂದೊಂದಕ್ಕೂ ನೋ ಶಟ್‌ಡೌನ್ ಕೊಡಬೇಕು.

ರೂಟ್ ಏನೂ ಬರೆಯದೆ ಎಡ ಪಿಸಿಯಿಂದ 192.168.2.10ಕ್ಕೆ ಪಿಂಗ್ ಕೊಡಿ. 192.168.1.1ರಿಂದ "ಡೆಸ್ಟಿನೇಶನ್ ಹೋಸ್ಟ್ ಅನ್‌ರೀಚಬಲ್" ಬರುತ್ತದೆ. ಎಡ ರೌಟರ್ "ನನಗೆ ದಾರಿ ಗೊತ್ತಿಲ್ಲ" ಅಂತ ಹೇಳಿದ್ದು ಅದು.

ಈಗ ಎಡ ರೌಟರಿನಲ್ಲಿ ಮಾತ್ರ ಬರೆಯಿರಿ: ಐಪಿ ರೂಟ್ 192.168.2.0 255.255.255.0 10.0.0.2. ಮತ್ತೆ ಪಿಂಗ್. ಈ ಸಲ ಸಂದೇಶ ಬದಲಾಗಿ "ರಿಕ್ವೆಸ್ಟ್ ಟೈಮ್ಡ್ ಔಟ್" ಆಗುತ್ತದೆ. ಹೋಯಿತು, ವಾಪಸ್ ಬರಲಿಲ್ಲ. ಸಿಮ್ಯುಲೇಶನ್ ಮೋಡಿಗೆ ಹಾಕಿದರೆ ಆ ಪುಟ್ಟ ಲಕೋಟೆ ಬಲ ಪಿಸಿ ಮುಟ್ಟಿ, ವಾಪಸ್ ಹೊರಟು, ಬಲ ರೌಟರಿನಲ್ಲಿ ಸಾಯುವುದು ಕಣ್ಣಿಗೇ ಕಾಣುತ್ತದೆ. ಈ ಎರಡು ಸಂದೇಶದ ವ್ಯತ್ಯಾಸ ಗೊತ್ತಾದರೆ ಅರ್ಧ ಸಮಸ್ಯೆಯನ್ನು ಕುರ್ಚಿ ಬಿಟ್ಟು ಏಳದೆ ಬಿಡಿಸಬಹುದು.

ಬಲ ರೌಟರಿನಲ್ಲೂ ಬರೆಯಿರಿ: ಐಪಿ ರೂಟ್ 192.168.1.0 255.255.255.0 10.0.0.1. ಈಗ ಬರುತ್ತದೆ. ಮೊದಲ ಒಂದೆರಡು ಪಿಂಗ್ ಸೋಲಬಹುದು, ಎಆರ್‌ಪಿ ಕೂಗು ಮುಗಿಯಬೇಕಲ್ಲ.

ಲಕೋಟೆ ಮೇಲೆ ಕ್ಲಿಕ್ ಮಾಡಿ ಒಳಗೆ ನೋಡಿ. ಐಪಿ ಅಡ್ರೆಸ್ ಮೊದಲಿಂದ ಕೊನೆಯ ತನಕ ಅದೇ ಇರುತ್ತದೆ. ಮ್ಯಾಕ್ ಅಡ್ರೆಸ್ ಮಾತ್ರ ಪ್ರತಿ ರೌಟರಿನಲ್ಲಿ ಬದಲಾಗುತ್ತದೆ. ಟಿಟಿಎಲ್ ಅನ್ನುವ ಸಂಖ್ಯೆ ಪ್ರತಿ ರೌಟರಿನಲ್ಲಿ ಒಂದೊಂದು ಕಮ್ಮಿಯಾಗುತ್ತದೆ, ಸೊನ್ನೆಯಾದರೆ ಪ್ಯಾಕೆಟ್ ಕಸದ ಬುಟ್ಟಿಗೆ. ಎರಡು ರೌಟರ್ "ಅವನ್ನ ಕೇಳು", "ಇಲ್ಲ, ಇವನ್ನ ಕೇಳು" ಅಂತ ಒಂದೇ ಪ್ಯಾಕೆಟ್ಟನ್ನು ಅತ್ತಿಂದಿತ್ತ ಎಸೆದಾಡದಂತೆ ತಡೆಯುವುದು ಇದೇ.

ರೌಟರ್ ಐದಾರು ಇದ್ದರೆ ಕೈಯಲ್ಲಿ ಬರೆಯಬಹುದು. ಐವತ್ತಾದರೆ ಓಎಸ್‌ಪಿಎಫ್ ಹಾಕಿ, ಅವೇ ಮಾತಾಡಿಕೊಳ್ಳುತ್ತವೆ. ಕಂಪನಿ ಕಂಪನಿಗಳ ನಡುವೆ ಬಿಜಿಪಿ, ಯೂಟ್ಯೂಬ್ ಕಥೆಯಲ್ಲಿ ರೂಟ್ ಸೋರಿದ್ದು ಅದರಲ್ಲೇ. ಈ ಎರಡನ್ನು ಸ್ಟ್ಯಾಟಿಕ್ ರೂಟ್ (ಕೈಯಲ್ಲಿ ಬರೆಯುವ ರೂಟ್) ನೀರು ಕುಡಿದಷ್ಟು ಸುಲಭವಾದ ಮೇಲೆ ಮುಟ್ಟಿ.

ಹೊರಗಿಂದ ಕ್ಯಾಮೆರಾ ಯಾಕೆ ಸಿಗಲ್ಲ?

32 ಬಿಟ್ಟಿಗೆ ಆಗುವ ಅಡ್ರೆಸ್ ಸುಮಾರು 429 ಕೋಟಿ. ಅದು ಸಾಲಲಿಲ್ಲ. ಲೋಕಕ್ಕೆಲ್ಲ ಹಂಚುವ ಐಯಾನಾ ಬಳಿ ಇದ್ದ ಕೊನೆಯ ಬ್ಲಾಕುಗಳು 2011ರ ಫೆಬ್ರವರಿ 3ಕ್ಕೆ ಮುಗಿದವು. ಅದಕ್ಕೇ ನಿಮ್ಮ ಮನೆಯ ಹತ್ತು ಸಾಧನ ಒಂದೇ ಹೊರಗಿನ ಅಡ್ರೆಸ್ಸಿನ ಹಿಂದೆ ನಿಲ್ಲುತ್ತವೆ. ಅದು ನ್ಯಾಟ್. ಎಷ್ಟೋ ಕಡೆ ಇಂಟರ್ನೆಟ್ ಕೊಡುವವರು ಇನ್ನೊಂದು ಸುತ್ತು ನ್ಯಾಟ್ ಮಾಡುತ್ತಾರೆ. ನಿಮ್ಮ ರೌಟರಿನ ವ್ಯಾನ್ (ಹೊರಗಿನ ಕಡೆಯ) ಅಡ್ರೆಸ್ 100.64ರಿಂದ 100.127ರ ಒಳಗಿದ್ದರೆ ಅದೇ ಆಗಿದೆ. ಆಗ ಪೋರ್ಟ್ ಫಾರ್ವರ್ಡ್ (ಹೊರಗಿಂದ ಬಂದದ್ದನ್ನು ಒಳಗಿನ ಒಂದು ಸಾಧನಕ್ಕೆ ದಾಟಿಸುವ ರೌಟರಿನ ನಿಯಮ) ಎಷ್ಟು ಹಾಕಿದರೂ ಹೊರಗಿಂದ ಕ್ಯಾಮೆರಾ ಸಿಗಲ್ಲ, ಸುಮ್ನೆ ತಲೆ ಕೆಡಿಸಿಕೊಳ್ಳಬೇಡಿ. ಸ್ಟ್ಯಾಟಿಕ್ ಐಪಿ ಕೇಳಿ, ಇಲ್ಲವೇ ವಿಪಿಎನ್ ದಾರಿ ನೋಡಿ.

ಐಪಿವಿ6ರಲ್ಲಿ 128 ಬಿಟ್, ಒಂದೊಂದು ಬೀದಿಗೂ /64. ಅಲ್ಲಿ ಕಂಜೂಸಿ ಲೆಕ್ಕವಿಲ್ಲ. ಗೆರೆ, ಗೇಟ್‌ವೇ, ಕರಾರುವಾಕ್ಕಾದ ಸಾಲು ಗೆಲ್ಲುವುದು, ಇವೆಲ್ಲ ಅಲ್ಲೂ ಹಾಗೆಯೇ.

ಕೆಟ್ಟಾಗ ನೋಡುವ ಕ್ರಮ

ಒಳಗಿಂದ ಹೊರಕ್ಕೆ ಬನ್ನಿ. 127.0.0.1ಕ್ಕೆ ಪಿಂಗ್, ನಿಮ್ಮದೇ ಸಿಸ್ಟಮ್ಮಿನ ಒಳಗೆ ಸರಿ ಇದೆಯಾ ಅಂತ. ಆಮೇಲೆ ಗೇಟ್‌ವೇಗೆ. ಅದು ಸಿಗದಿದ್ದರೆ ಕೇಬಲ್, ವೈ-ಫೈ ಅಥವಾ ಮಾಸ್ಕ್. ಸಿಕ್ಕರೆ 8.8.8.8ಕ್ಕೆ, ಅದು ಇಂಟರ್ನೆಟ್‌ನಲ್ಲಿರುವ ಗೂಗಲ್ ಸರ್ವರ್. ಅದೂ ಸಿಕ್ಕಿ ಹೆಸರಿನಿಂದ ಮಾತ್ರ ಸೈಟ್ ತೆರೆಯದಿದ್ದರೆ ತಪ್ಪು ಡಿಎನ್‌ಎಸ್‌ನದು (ಹೆಸರಿಗೆ ಐಪಿ ಅಡ್ರೆಸ್ ಹುಡುಕಿಕೊಡುವ ವ್ಯವಸ್ಥೆ), ರೌಟಿಂಗ್ ಪಾಪ ಏನೂ ಮಾಡಿಲ್ಲ. ಎಲ್ಲಿ ನಿಂತಿತು ಅಂತ ನೋಡಲು ವಿಂಡೋಸಿನಲ್ಲಿ ಟ್ರೇಸರ್ಟ್. ನಡುವೆ ಒಂದೆರಡು ಸಾಲು ನಕ್ಷತ್ರ ಬಂದರೆ ಹೆದರಬೇಡಿ, ಕೆಲವು ರೌಟರುಗಳು ಉತ್ತರ ಕೊಡುವುದಿಲ್ಲ ಅಷ್ಟೇ. ಮುಂದಿನ ಸಾಲು ಬಂದರೆ ದಾರಿ ಸರಿಯಿದೆ.

ನಾಲ್ಕು ಲೆಕ್ಕ, ಉತ್ತರ ಮುಚ್ಚಿಕೊಂಡು ಮಾಡಿ

192.168.50.100/28 ಯಾವ ಬೀದಿ? 10.1.200.9/21ರ ಬ್ರಾಡ್‌ಕಾಸ್ಟ್ ಯಾವುದು? 192.168.1.64/26 ಅನ್ನು ಒಂದು ಪಿಸಿಗೆ ಕೊಡಬಹುದಾ? 10.1.0.255/23 ಅನ್ನು ಕೊಡಬಹುದಾ?

ಮೊದಲನೆಯದು: ಬ್ಲಾಕ್ 16, 96ರಿಂದ 111, ಬಳಸಲು 97ರಿಂದ 110. ಎರಡನೆಯದು: ಮಾಸ್ಕ್ 255.255.248.0, ಬ್ಲಾಕ್ 8, 200ರಿಂದ 207, ಹಾಗಾಗಿ 10.1.207.255. ಮೂರನೆಯದು: ಕೊಡುವ ಹಾಗಿಲ್ಲ, ಅದು ಬೀದಿಯದ್ದೇ ಹೆಸರು. ನಾಲ್ಕನೆಯದಕ್ಕೆ 255 ಕಂಡ ಕೂಡಲೇ "ಬ್ರಾಡ್‌ಕಾಸ್ಟ್, ಆಗಲ್ಲ" ಅಂದವರು ಇನ್ನೊಮ್ಮೆ ಗೆರೆ ಎಳೆಯಿರಿ: ಆ ಬೀದಿ 10.1.0.0ರಿಂದ 10.1.1.255ರ ತನಕ ಇದೆ, 10.1.0.255 ಅದರ ಸರೀ ನಡುವಿನ ಒಂದು ಮಾಮೂಲಿ ಮನೆ. ಧಾರಾಳವಾಗಿ ಕೊಡಬಹುದು.